ಅಕ್ಕನ ಎಡಗಡೆಯ ಸೀಟು

ಕಣ್ಣಿನ ಡಾಕ್ಟರ ಯಂತ್ರಕ್ಕೆ ಗದ್ದವಿಟ್ಟು ಕೂತಿದ್ದೆ. ಗದ್ದ ಊರುವ ಪಟ್ಟಿಯನ್ನು ಆಗಷ್ಟೇ ಸ್ಪಿರಿಟ್ಟಿನಿಂದ ಒರೆಸಿದ್ದರು. ತಣ್ಣನೆಯ ಆ ವಾಸನೆ ಮೂಗಿಗೆ ಬಡಿದದ್ದೇ ತಡ, ಮುಂಬಯಿಯ ಲೋಕಲ್ ಟ್ರೇನಿನ ಅಕ್ಕ ನೆನಪಾದರು. ಎಷ್ಟೋ ವರ್ಷಗಳ ಹಿಂದೆ ಅವರ ಜೊತೆ ಇಂಥದೇ ಕೋಣೆಯಲ್ಲಿ ಕೂತಿದ್ದೆ...

ಡೊಂಬಿವಲಿಯಿಂದ ದಾದರಿಗೆ ನಾವು ಏಳೆಂಟು ಹೆಂಗಸರು ದಿನವೂ ಒಂದೇ ಡಬ್ಬಿಯಲ್ಲಿ ಹೋಗುತ್ತಿದ್ದೆವು. ಉಡುಪಿ ಕಡೆಯ ಅಕ್ಕ ಎಲ್ಲರಿಗಿಂತ ಹಿರಿಯರು. ಅವರು ಕೂತರೆ ಕಿಟಕಿ ಬಲಕ್ಕೆ, ನಾನು ಎದುರಿಗೆ. ಓಡುವ ಗಾಡಿಯಲ್ಲಿ ಸೂಜಿಗೆ ದಾರ ಪೋಣಿಸಿ ನನ್ನ ಬ್ಲೌಸಿನ ಹುಕ್ಕು ಹೊಲಿದುಕೊಟ್ಟವರು ಅವರು.

ಒಂದು ಬೆಳಿಗ್ಗೆ ಠಾಣೆ ದಾಟಿದ ಮೇಲೆ ನನ್ನನ್ನು ಕೇಳಿದರು: "ಅವಳೆಂತ ಮಾರಾಯ್ತಿ, ಹೇಳದೆ ಇಳಿದು ಹೋದದ್ದು?"

ಅವರು ಕೇಳಿದ್ದು ತಮ್ಮ ಎಡಕ್ಕೆ ಕೂತಿದ್ದ ಮರಾಠಿ ಗೆಳತಿಯ ಬಗ್ಗೆ. ಆಕೆ ಅಲ್ಲೇ ಇದ್ದಳು, ಭುಜಕ್ಕೆ ಭುಜ ತಾಗಿಸಿಕೊಂಡು. ಎಲ್ಲರೂ ನಕ್ಕೆವು. ಎಂಟು ದಿನಕ್ಕೆ ಆ ಗೆಳತಿ ಜ್ವರ ಬಂದು ತೀರಿಕೊಂಡಳು.

ಮುಂದಿನ ತಿಂಗಳು ಅದೇ ಜಾಗದಲ್ಲಿದ್ದ ಇನ್ನೊಬ್ಬಳ ಬಗ್ಗೆಯೂ ಅಕ್ಕ ಹಾಗೇ ಕೇಳಿದರು. ಅವಳು ಸ್ಟೇಷನ್ನಿನ ಮೆಟ್ಟಿಲಲ್ಲಿ ಜಾರಿ ಕಾಲು ಮುರಿದುಕೊಂಡಳು. ಆಮೇಲೆ ಯಾರೂ ನಗಲಿಲ್ಲ. ಅಕ್ಕನ ಕಣ್ಣಿಗೆ ಕಾಣದವರು ಉಳಿಯುವುದಿಲ್ಲ ಎಂಬ ಪಿಸುಮಾತು ಹುಟ್ಟಿತು. ಹೊಸಬರು ಆ ಸೀಟಿಗೆ ಬಂದರೆ ಕಿವಿಯಲ್ಲಿ ಉಸುರುತ್ತಿದ್ದೆವು; ನಾನೂ ಉಸುರಿದ್ದೇನೆ. ಅವರು ನಿಂತೇ ಇರುತ್ತಿದ್ದರು. ಕಾಲಿಡಲು ಜಾಗವಿಲ್ಲದ ಗಾಡಿಯಲ್ಲಿ ಆ ಒಂದು ಸೀಟು ಖಾಲಿ ಹೋಗುತ್ತಿತ್ತು...

ಅಕ್ಕ ಆಗಾಗ ಎಡಗೈಯಿಂದ ಆ ಜಾಗವನ್ನು ಮೆಲ್ಲಗೆ ತಡವುತ್ತಿದ್ದರು. ಸತ್ತವಳನ್ನು ಸವರುತ್ತಿದ್ದಾರೇನೋ ಎನಿಸಿ ಮುಖ ತಿರುಗಿಸಿಕೊಳ್ಳುತ್ತಿದ್ದೆ.

ಎಷ್ಟೋ ತಿಂಗಳ ಮೇಲೆ ಒಬ್ಬ ನರ್ಸ್ ಬಂದಳು, ಹುಬ್ಬಳ್ಳಿ ಕಡೆಯವಳು, ಕಣ್ಣಿನ ಆಸ್ಪತ್ರೆಯಲ್ಲಿ ಕೆಲಸ. ನಾವು ಉಸುರಿದ್ದನ್ನು ಕೇಳಿಯೂ ಅಲ್ಲೇ ಕೂತಳು. ಎಡಗಡೆಯಿಂದ ಅವಳು ಮಾತಾಡಿಸಿದಾಗ ಅಕ್ಕ ಬೆಚ್ಚಿಬಿದ್ದರು. ಅವಳು ಎದ್ದು ಅವರ ಎದುರಿಗೆ ಬಂದಳು.

"ಅಕ್ಕಾರ, ಬಲಗಣ್ಣ ಮುಚ್ಕೋರಿ. ನನ್ನ ಮೂಗು ನೋಡ್ರಿ. ಬೆರಳು ಕಂಡ ಕೂಡ್ಲೆ ಹೇಳ್ರಿ."

ಬೆರಳು ಅಕ್ಕನ ಎಡಕಿವಿಯ ಕಡೆಯಿಂದ ಮುಂದೆ ಮುಂದೆ ಬಂತು. ಕೆನ್ನೆ ದಾಟಿತು. ಅಕ್ಕ ಸುಮ್ಮನಿದ್ದರು. ನಮಗೆಲ್ಲ ಕಾಣುತ್ತಿದ್ದ ಬೆರಳು ಅವರೊಬ್ಬರಿಗೇ ಇರಲಿಲ್ಲ. ಅದು ಹೆಚ್ಚುಕಡಿಮೆ ಮೂಗಿನ ನೇರಕ್ಕೆ ಬಂದ ಮೇಲೆ, "ಈಗ ಬಂತು," ಎಂದರು.

"ಪಕ್ಕದಲ್ಲಿ ಯಾರಿದ್ದಾರೆ ಅಂತ ಕೈಯಲ್ಲಿ ತಡಕಿ ನೋಡುವುದು ನಾನು," ಎಂದರು ಆಮೇಲೆ. "ಯಾರೂ ಇರುವುದಿಲ್ಲ."

ಆಸ್ಪತ್ರೆಗೆ ನಾನೇ ಕರೆದುಕೊಂಡು ಹೋದೆ. ಕಣ್ಣಿನೊಳಗಿನ ಒತ್ತಡ ಏರಿ ಹಿಂದಿನ ನರವನ್ನು ಹಾಳುಮಾಡುತ್ತಾ ಬಂದಿದೆ ಎಂದರು ಡಾಕ್ಟರು. ನೋವಿರುವುದಿಲ್ಲ, ನೇರ ನೋಟ ಕೊನೆಯವರೆಗೂ ಉಳಿಯುವುದರಿಂದ ಗೊತ್ತೇ ಆಗುವುದಿಲ್ಲವಂತೆ. ಹೋದದ್ದು ಬರುವುದಿಲ್ಲ, ಉಳಿದದ್ದನ್ನು ಉಳಿಸಿಕೊಳ್ಳಲು ದಿನವೂ ಹನಿ ಹಾಕಬೇಕು, ಬಿಡಕೂಡದು. ಜೊತೆಗಿದ್ದವರು ಯಾರೂ ಗಮನಿಸಲಿಲ್ಲವೇ ಎಂದು ಕೇಳಿದರು.

"ಪಾಪ, ಅವರಿಗೆ ಹೇಗೆ ಗೊತ್ತಾಗಬೇಕು?" ಎಂದರು ಅಕ್ಕ.

ಅವರು ರಿಟೈರ್ ಆಗುವವರೆಗೆ ದಿನವೂ ಅವರ ಎಡಕ್ಕೇ ಕೂತೆ. ಎಡಗಣ್ಣು ಪೂರ್ತಿ ಹೋಯಿತು. ಬಲಗಣ್ಣನ್ನು ಹನಿ ಕಾಪಾಡಿತು. ಕೊನೆಯವರೆಗೂ ಪೇಪರ್ ಓದಿದರು. ಅವರು ತೀರಿಕೊಂಡು ಎರಡು ವರ್ಷವಾಯಿತು. ನಾವು ಹೆದರಿ ದೂರ ಕೂತ ಆ ತಿಂಗಳುಗಳಲ್ಲಿ ಎಷ್ಟು ನೋಟ ಹೋಯಿತೋ... ಅವರ ಹತ್ತಿರ ಆ ಮಾತು ಎತ್ತಲು ನನಗೆ ಆಗಲೇ ಇಲ್ಲ.

ನನ್ನ ಕಣ್ಣಿನಲ್ಲೂ ಒತ್ತಡ ಜಾಸ್ತಿಯಿದೆಯಂತೆ. ನರಕ್ಕೆ ಇನ್ನೂ ಏನೂ ಆಗಿಲ್ಲ, ಹನಿ ಶುರುಮಾಡಿ, ಒಡಹುಟ್ಟಿದವರಿಗೂ ತೋರಿಸಲು ಹೇಳಿ ಎಂದರು ಈ ಡಾಕ್ಟರು. ಹೊರಗೆ ಬಂದವಳೇ ತಂಗಿಗೆ ಫೋನ್ ಮಾಡಿದೆ.

"ನಂಗೇನಾಗಿದೆ? ಚೆನ್ನಾಗೇ ಕಾಣ್ತದಲ್ಲ," ಎಂದಳು.

"ಅವರಿಗೂ ಚೆನ್ನಾಗೇ ಕಾಣ್ತಿತ್ತು," ಎಂದೆ.

"ಯಾರಿಗೆ?"

ನಾಳೆ ಬೆಳಿಗ್ಗೆ ನಾನೇ ಬಂದು ಕರೆದುಕೊಂಡು ಹೋಗುತ್ತೇನೆ ಎಂದಷ್ಟೇ ಹೇಳಿದೆ.