ಕಂತನ್ನು ಇಳಿಸಿದ ಏಳು ವರ್ಷ

ನಮ್ಮ ಮನೆಯ ಕ್ಯಾಲೆಂಡರು ಗೋಡೆಯ ಮೇಲೆ ತೂಗುವುದಿಲ್ಲ. ಫ್ರಿಜ್ಜಿನ ನೆತ್ತಿಯ ಮೇಲೆ ಅಂಗಾತ ಮಲಗಿರುತ್ತದೆ. ಏಕಾದಶಿ ಎಂದು, ಸಂಬಳ ಎಂದು ಎಂಬುದನ್ನು ತಿಳಿಯಬೇಕಾದರೆ ಅದನ್ನು ಎಬ್ಬಿಸಿ ಕೂರಿಸಬೇಕು. ದುಬೈಯ ಅಲ್ ಮುರಕ್ಕಬಾತಿನ ಈ ಬಾಡಿಗೆ ಫ್ಲ್ಯಾಟಿಗೆ ಬಂದು ಹಲವು ವರ್ಷಗಳಾದರೂ ಗೋಡೆಗೆ ನಾವು ಒಂದು ಮೊಳೆಯನ್ನೂ ಹೊಡೆದವರಲ್ಲ. ಮನೆ ಖಾಲಿ ಮಾಡುವ ದಿನ ಕಟ್ಟಡದ ಕಾವಲುಗಾರ ಟಾರ್ಚು ಹಿಡಿದು ಬಂದು ತೂತುಗಳನ್ನು ಎಣಿಸುತ್ತಾನೆಂದೂ, ತೂತಿಗಿಷ್ಟು ಎಂದು ಠೇವಣಿಯಲ್ಲಿ ಮುರಿದುಕೊಳ್ಳುತ್ತಾರೆಂದೂ ಬಂದ ಮೊದಲ ವಾರ ಯಾರೋ ಹೇಳಿದ್ದರು. ಹೇಳಿದವರು ಯಾರೆಂದು ಮರೆತುಹೋಗಿದೆ. ಅನುಮಾನ ಮಾತ್ರ ಅಲ್ಲೇ ಉಳಿದಿದೆ.

ತರ್ಕಶಾಸ್ತ್ರದಲ್ಲಿ ಅನುಮಾನಕ್ಕೆ ಪ್ರಮಾಣದ ಪಟ್ಟ ಕೊಟ್ಟಿದ್ದಾರೆ. ಹೊಗೆಯನ್ನು ಕಂಡು ಬೆಂಕಿಯನ್ನು ಅರಿಯುವುದು ಅದರ ಕೆಲಸ. ನನ್ನ ಅನುಮಾನ ಅದಕ್ಕಿಂತ ಒಂದು ಹೆಜ್ಜೆ ಮುಂದೆ. ಹೊಗೆಯೇ ಇಲ್ಲದಿದ್ದರೆ ಅದನ್ನು ಯಾರು ಬಚ್ಚಿಟ್ಟರು ಎಂದು ಹುಡುಕುತ್ತದೆ. ಮೈಸೂರಿನಲ್ಲಿ ವಾಣಿಜ್ಯಶಾಸ್ತ್ರ ಓದಿ, ಇಲ್ಲಿಯ ದೇರಾ ಬಡಾವಣೆಯ ಕಚೇರಿಯೊಂದರ ಲೆಕ್ಕಪತ್ರ ವಿಭಾಗದಲ್ಲಿ ಕುಳಿತು ಪರರ ಬಿಲ್ಲುಗಳನ್ನು ಸಂಶಯಿಸುವುದಕ್ಕೇ ಸಂಬಳ ಪಡೆಯುವ ಮನುಷ್ಯ ನಾನು. ಸೂಪರ್ ಮಾರ್ಕೆಟ್ಟಿನಲ್ಲಿ ತೂಕ ಹಾಕಿಸಿದ ಬೆಂಡೆಕಾಯಿಯನ್ನು ಮನೆಯಲ್ಲಿ ಮತ್ತೆ ತೂಗುತ್ತೇನೆ. ಈವರೆಗೆ ಒಮ್ಮೆಯೂ ವ್ಯತ್ಯಾಸ ಬಂದಿಲ್ಲವಾದ್ದರಿಂದ ನನ್ನ ಮನೆಯ ತಕ್ಕಡಿಯ ಮೇಲೇ ಈಚೆಗೆ ಗುಮಾನಿ ಹುಟ್ಟಿದೆ.

ಇಂಥವನು ಮನೆಸಾಲ ಮಾಡಲು ಹೊರಟದ್ದು ಹೇಗೆ ಎಂದು ನೀವು ಕೇಳಬಹುದು. ಬಾಡಿಗೆ ಏರಿಸುವುದಾಗಿ ಮಾಲೀಕನ ಕಚೇರಿಯಿಂದ ಕಳೆದ ವರ್ಷ ಸೂಚನೆ ಬಂತು. ನನ್ನ ಹೆಂಡತಿ ವಿಮಲಾ ಅದನ್ನು ಓದಿ ಪಕ್ಕಕ್ಕಿಟ್ಟು, "ಇಷ್ಟು ವರ್ಷ ಕಟ್ಟಿದ್ದೇವಲ್ಲ, ಒಂದು ಬಾಗಿಲಿನ ಹಿಡಿಯಾದ್ರೂ ನಮ್ಮದಾಯ್ತಾ?" ಎಂದಳು. ವಿಮಲಾ ಉಡುಪಿಯವಳು. ಸತ್ವಾ ಬಡಾವಣೆಯ ಒಂದು ಔಷಧದಂಗಡಿಯಲ್ಲಿ ಫಾರ್ಮಸಿಸ್ಟು. ವಾರಕ್ಕೆ ಆರು ದಿನ ಕೌಂಟರಿನ ಹಿಂದೆ ನಿಂತು, ಡಾಕ್ಟರುಗಳ ಕೈಬರಹವನ್ನು ಓದಿ, ಕೆಮ್ಮುವವರಿಗೆ ಐದಾರು ಭಾಷೆಗಳಲ್ಲಿ 'ಊಟದ ನಂತರ' ಎಂದು ಹೇಳುತ್ತಾಳೆ. ದೂರುವುದು ಅವಳ ಜಾಯಮಾನವಲ್ಲ. ಅವಳೇ ಹಾಗೆಂದ ಮೇಲೆ ನಾನು ಸುಮ್ಮನಿರುವಂತಿರಲಿಲ್ಲ. ಗೃಹಸ್ಥನಾಗಿ ಇಪ್ಪತ್ತು ವರ್ಷ ಕಳೆದ ಮೇಲೆ ಗೃಹವೊಂದನ್ನು ಸಂಪಾದಿಸಲು, ನಲವತ್ತೆಂಟರ ಹರೆಯದಲ್ಲಿ, ಸಿದ್ಧನಾದೆ.

ಮನೆ ನೋಡಿದ್ದಾಯಿತು. ಎರಡು ಮಲಗುವ ಕೋಣೆ, ಕೆಳಗೆ ಈಜುಕೊಳ, ಬಾಲ್ಕನಿಯಿಂದ ಕಾಣುವ ಒಂದು ತುಂಡು ನೀಲಿ. ಅದು ಸಮುದ್ರವೆಂದು ದಲ್ಲಾಳಿ ಹೇಳಿದ; ಎದುರಿನ ಕಟ್ಟಡದ ಗಾಜು ಇರಬಹುದೆಂದು ನಾನು ಶಂಕಿಸಿ, ಸಂಜೆ ಮತ್ತೊಮ್ಮೆ ಹೋಗಿ ನೋಡಿಬಂದೆ. ಸಮುದ್ರವೇ ಆಗಿತ್ತು. ನಲ್ಲಿಗಳನ್ನೆಲ್ಲ ತಿರುಗಿಸಿದೆ. ಮೋರಿಗೆ ಮೂಗಿಟ್ಟೆ. ನಮ್ಮ ಮಗಳು ನಿಧಿ ಹನ್ನೆರಡನೇ ತರಗತಿಯವಳು. ಬಾಗಿಲ ಬಳಿ ನಿಂತು ಫೋನಿನಿಂದ ಕಣ್ಣೆತ್ತದೆ, "ಅಪ್ಪಾ, ಪ್ಲೀಸ್ ಡೋಂಟ್ ಸ್ಮೆಲ್ ಥಿಂಗ್ಸ್" ಎಂದಳು.

ಸಾಲ ಕೊಡಿಸುವ ಸಲಹೆಗಾರನ ಹೆಸರು ಸಂದೇಶ. ಪುತ್ತೂರಿನ ಕಡೆಯ ಹುಡುಗ, ಮೂವತ್ತರ ಆಸುಪಾಸು, ಇಸ್ತ್ರಿಯ ಗೆರೆ ಮುರಿಯದ ಅಂಗಿ. ಸಂದೇಶಕ್ಕೂ ಸಂದೇಹಕ್ಕೂ ಇರುವುದು ಒಂದೇ ಅಕ್ಷರದ ಅಂತರವೆಂದು ನನಗೆ ಆಗಲೇ ಹೊಳೆಯಿತು. ಮನೆಗೆ ಬಂದವನು ವಿಮಲಾಳನ್ನು "ಅಕ್ಕ" ಎಂದು ಕರೆದು ಅವಳೊಡನೆ ತುಳುವಿನಲ್ಲಿ ಮಾತು ಶುರುವಿಟ್ಟುಕೊಂಡ. ತುಳು ನನಗೆ ಅರ್ಧ ತಿಳಿಯುತ್ತದೆ. ಅನುಮಾನಕ್ಕೆ ಅರ್ಧ ತಿಳಿವಳಿಕೆಯಷ್ಟು ಪೌಷ್ಟಿಕ ಆಹಾರ ಬೇರೊಂದಿಲ್ಲ. ಇವನು ಹಿಂಬಾಗಿಲಿನಿಂದ ಅವಳನ್ನು ಒಪ್ಪಿಸುತ್ತಿದ್ದಾನೆ ಎಂದುಕೊಂಡು ಕಿವಿ ನಿಮಿರಿಸಿ ಕುಳಿತೆ. ಅವರು ಒಳ್ಳೆಯ ಕುಚ್ಚಲಕ್ಕಿ ಯಾವ ಅಂಗಡಿಯಲ್ಲಿ ಸಿಗುತ್ತದೆ ಎಂದು ಚರ್ಚಿಸುತ್ತಿದ್ದರಂತೆ.

ಆಮೇಲೆ ನನ್ನ ಪಾಟೀಸವಾಲು ಪ್ರಾರಂಭವಾಯಿತು. ಬಡ್ಡಿ 'ಸ್ಥಿರ' ಎಂದಿದೆಯಲ್ಲ, ಎಷ್ಟು ಕಾಲ ಸ್ಥಿರ ಎಂದೆ.

"ಮೂರು ವರ್ಷ ಸರ್. ಆಮೇಲೆ ಮಾರ್ಕೆಟ್ ಹೇಗೆ ಉಂಟೋ ಹಾಗೆ. ಮೇಲೂ ಹೋಗ್ಬಹುದು, ಕೆಳಗೂ ಬರ್ಬಹುದು. ಮೇಲೆ ಹೋಗ್ತದೆ ಅಂತಲೇ ಲೆಕ್ಕ ಹಾಕಿ ನೀವು."

ಕೆಳಗೆ ಬರುತ್ತದೆ ಎಂದು ಆಸೆ ಹುಟ್ಟಿಸುತ್ತಾನೆಂದು ಕಾದಿದ್ದ ನನಗೆ ಸ್ವಲ್ಪ ನಿರಾಶೆಯಾಯಿತು. ನೋಂದಣಿ ಶುಲ್ಕ, ದಲ್ಲಾಳಿ ಶುಲ್ಕ, ಮನೆಯ ಬೆಲೆ ಕಟ್ಟುವವರ ಶುಲ್ಕ, ಮನೆಗೊಂದು ವಿಮೆ, ಸಾಲಗಾರನ ಜೀವಕ್ಕೊಂದು ವಿಮೆ, ಕಟ್ಟಡದ ಲಿಫ್ಟು-ಈಜುಕೊಳಗಳ ಪೋಷಣೆಗೆ ವರ್ಷ ವರ್ಷವೂ ಕೊಡಬೇಕಾದ ಕಪ್ಪ, ತಣ್ಣನೆ ಗಾಳಿಗೆ ಬೇರೆಯದೇ ಬಿಲ್ಲು, ಬೇಗ ಸಾಲ ತೀರಿಸುವ ಸಜ್ಜನರಿಗೆ ಸಜ್ಜನಿಕೆಯ ದಂಡ. ನಾನು ಒಂದೊಂದನ್ನೇ ಪೊದೆಯಿಂದ ಹೊರಗೆಳೆದಂತೆ ಎಳೆದೆ. ಪ್ರತಿಯೊಂದಕ್ಕೂ ಆತ, "ಹೌದು ಸರ್, ಅದು ಮೊನ್ನೆ ಕಳ್ಸಿದ ಪಟ್ಟಿಯಲ್ಲಿ ಉಂಟು" ಎನ್ನುತ್ತಿದ್ದ. ನೋಡಿದರೆ ಇತ್ತು. ಎಲ್ಲವನ್ನೂ ದಪ್ಪ ಅಕ್ಷರದಲ್ಲಿಯೇ ಬರೆದಿದ್ದ.

ಮೊದಲ ವರ್ಷಗಳ ಕಂತಿನಲ್ಲಿ ಬಹುಪಾಲು ಬಡ್ಡಿಗೇ ಸಂದು, ಅಸಲು ಎಂಬುದು ಕದಲಿಯೂ ಕದಲದಂತೆ ಕೂತಿರುತ್ತದೆ ಎಂಬ ಅಸಲಿ ಸಂಗತಿಯನ್ನೂ ಅವನೇ ಹೇಳಿದ. ಇಡೀ ಅವಧಿಯಲ್ಲಿ ಬಡ್ಡಿಯೇ ಎಷ್ಟಾಗಬಹುದು ಎಂದರೆ, ಪಡೆದ ಸಾಲದ ಹೆಚ್ಚುಕಡಿಮೆ ಅರ್ಧ. ನಾನು ಮುಖ ಹಿಂಡಿದೆ. ಅದಕ್ಕಿಂತ ಹೆಚ್ಚು ಮುಖ ಹಿಂಡಿದ್ದು ಕಂತು ಕೇಳಿ. ಸಂಬಳದವರ ಸಾಲ ಅರವತ್ತೈದನೇ ವಯಸ್ಸಿನೊಳಗೆ ಮುಗಿಯಬೇಕು. ನನಗೆ ಉಳಿದಿದ್ದದ್ದು ಹದಿನೇಳು ವರ್ಷ. ಅಷ್ಟರಲ್ಲಿ ತೀರಿಸುವ ಕಂತು ನಮ್ಮ ಬಾಡಿಗೆಯನ್ನು ದಾಟಿ ಬಹುದೂರ ಹೋಗಿತ್ತು.

ಸಂದೇಶ ಲ್ಯಾಪ್‌ಟಾಪಿನ ಮೇಲೆ ಬೆರಳಾಡಿಸಿ, "ಅಕ್ಕನಿಗೆ ನಲವತ್ತೊಂದಲ್ವಾ? ಅವರನ್ನು ಮುಖ್ಯ ಅರ್ಜಿದಾರರು ಮಾಡಿದ್ರೆ ಇಪ್ಪತ್ನಾಲ್ಕು ವರ್ಷ ಸಿಗ್ತದೆ ಸರ್. ಕಂತು ಇಷ್ಟಕ್ಕೆ ಇಳೀತದೆ. ಆದ್ರೆ ಬಡ್ಡಿ ಒಟ್ಟು ಜಾಸ್ತಿ ಆಗ್ತದೆ, ನೋಡಿ" ಎಂದು ಪರದೆಯನ್ನು ನಮ್ಮತ್ತ ತಿರುಗಿಸಿದ.

ಇಳಿದ ಕಂತು ನಮ್ಮ ಬಾಡಿಗೆಗೆ ಹತ್ತಿರ ಬಂದು ನಿಂತಿತ್ತು. ಅಷ್ಟು ಹೊತ್ತು ಬೇಟೆನಾಯಿಯಂತೆ ಮೂಸುತ್ತಿದ್ದ ನನ್ನ ಅನುಮಾನ ಆ ಅಂಕಿಯನ್ನು ಕಂಡದ್ದೇ ಬಾಲವಾಡಿಸಿ ಮಲಗಿಬಿಟ್ಟಿತು. "ಹಾಗೇ ಮಾಡೋಣ" ಎಂದೆ. ವಿಮಲಾ ಲೋಟಗಳನ್ನು ಎತ್ತಿಕೊಂಡು ಒಳಗೆ ಹೋದಳು. ಅವಳ ಆ ಚುರುಕನ್ನು ನಾನು ಸಂತೋಷವೆಂದು ಭಾವಿಸಿದೆ.

ಮರುದಿನ ಸಂಜೆ ಅವಳ ಕೆಲಸ ಬೇಗ ಮುಗಿದಿತ್ತು. ನಮ್ಮ ಬೀದಿಯ ಮೂಲೆಯ ಹೋಟೆಲಿನಲ್ಲಿ ಚಹಾ ಕುಡಿಯಲು ಕುಳಿತೆವು. ಅವಳು ಚಪ್ಪಲಿ ಕಳಚಿ, ಮೇಜಿನ ಕೆಳಗೆ ಒಂದು ಪಾದದಿಂದ ಇನ್ನೊಂದನ್ನು ಒತ್ತಿಕೊಳ್ಳುತ್ತಿದ್ದಳು. ನಾನು ಹೊಸ ಮನೆಯ ಪರದೆಗಳ ಬಣ್ಣದ ಬಗ್ಗೆ ಮಾತಾಡುತ್ತಿದ್ದೆ.

"ಇಪ್ಪತ್ನಾಲ್ಕು ವರ್ಷ ಅಂದ್ರೆ ನಂಗೆ ಅರವತ್ತೈದು," ಎಂದಳು.

"ಹೌದು. ಅದಕ್ಕೇ ಅಲ್ವಾ ಕಂತು ಕಮ್ಮಿ ಆಗಿದ್ದು."

"ನೀವು ಯಾವಾಗ ಕೆಲಸ ಬಿಡುದು ಅಂದುಕೊಂಡದ್ದು?"

ಇದು ನಾನು ನೂರು ಸಲ ಊಟದ ಮೇಜಿನ ಮೇಲೆ ಘೋಷಿಸಿದ ವಿಷಯ. "ಅರವತ್ತಕ್ಕೆ. ನಿನಗೆ ಗೊತ್ತಲ್ಲ."

"ಗೊತ್ತುಂಟು. ನೀವು ಕೆಲಸ ಬಿಟ್ಟ ಮೇಲೆ ನಾನು ಇನ್ನೂ ಹನ್ನೆರಡು ವರ್ಷ ಕೌಂಟರಿನಲ್ಲಿ ನಿಂತಿರ್ತೇನೆ. ನಿಮಗೆ ಅದು ಕಾಣ್ಲಿಲ್ವಾ, ಇಲ್ಲ, ಕಂಡೂ ಸುಮ್ಮನಿದ್ರಾ?"

ನಾನು ಲೋಟ ಕೆಳಗಿಟ್ಟೆ. ಕಾಣಲಿಲ್ಲ ಎಂದೆ. ಅದು ನಿಜವಾಗಿತ್ತು; ಆದರೆ ಇನ್ನೊಬ್ಬನು ನನಗೆ ಹಾಗೆ ಹೇಳಿದ್ದರೆ ನಾನು ನಂಬುತ್ತಿರಲಿಲ್ಲ.

"ನಿನಗೆ ಯಾವಾಗ ಬಿಡಬೇಕು ಅಂತಿದೆ?" ಎಂದು ಕೇಳಿದೆ. ಇಷ್ಟು ವರ್ಷಗಳಲ್ಲಿ ಈ ಪ್ರಶ್ನೆಯನ್ನು ಕೇಳಿದ್ದೇ ಮೊದಲು ಎಂಬುದು ಬಾಯಿಂದ ಹೊರಬಿದ್ದ ಮೇಲೆ ತಿಳಿಯಿತು.

"ಐವತ್ತಕ್ಕೆ," ಎಂದಳು, ಯೋಚಿಸುವ ಅಗತ್ಯವೇ ಇಲ್ಲದಂತೆ.

"ಆಮೇಲೆ ಏನು ಮಾಡ್ತೀಯ?"

"ಎಂತ ಮಾಡ್ತೇನೆ ಅಂತ ಗೊತ್ತಿಲ್ಲ ಮಾರಾಯ್ರೆ. ಗೊತ್ತಿಲ್ಲದೆ ಇರ್ಲಿಕ್ಕೇ ಬೇಕು ನಂಗೆ. ಓದಿದ್ದು, ಮದುವೆ, ಈ ಊರು, ನಿಧಿ, ಕೆಲಸ, ಎಲ್ಲ ಒಂದರ ಹಿಂದೆ ಒಂದು ಮೊದಲೇ ಗೊತ್ತಿತ್ತು. ಎಂತ ಬೇಕಾದ್ರೂ ಮಾಡ್ಬಹುದು ಅಂತ ಒಂದಿಷ್ಟು ವರ್ಷ ಇರ್ಲಿ. ಅದನ್ನು ಬ್ಯಾಂಕಿಗೆ ಕೊಡ್ಲಿಕ್ಕೆ ನಂಗೆ ಮನಸ್ಸಿಲ್ಲ."

ಚಹಾ ಮುಗಿಸಿ ಮನೆಯತ್ತ ನಡೆಯುವಾಗ ಅವಳು ಎಂದಿನಂತೆ ತರಕಾರಿಯ ವಿಚಾರ ಮಾತಾಡಿದಳು. ನನಗೆ ಕಿವಿಯಲ್ಲಿ ಬೇರೇನೋ ಗುಂಯ್‌ಗುಡುತ್ತಿತ್ತು. ಬ್ಯಾಂಕು ಮೋಸ ಮಾಡುತ್ತದೋ, ದಲ್ಲಾಳಿ ಬಚ್ಚಿಡುತ್ತಾನೋ, ಸಂದೇಶ ನುಂಗುತ್ತಾನೋ ಎಂದು ನಾನು ವಾರಗಟ್ಟಲೆ ಪತ್ತೇದಾರಿಕೆ ಮಾಡಿದ್ದೆ. ಅವರಾರೂ ಏನನ್ನೂ ಬಚ್ಚಿಟ್ಟಿರಲಿಲ್ಲ. ಹದಿನೇಳನ್ನು ಇಪ್ಪತ್ನಾಲ್ಕು ಮಾಡಿದ ಆ ಏಳು ವರ್ಷ ಆಕಾಶದಿಂದ ಉದುರಿದವೆಂದು ನಂಬಿದವನು ನಾನೊಬ್ಬನೇ. ನಮಗೆ ಅನನುಕೂಲವಾದದ್ದನ್ನು ಮಾತ್ರ ಸಂಶಯಿಸುವುದಾದರೆ ಅದನ್ನು ಎಚ್ಚರವೆಂದು ಕರೆಯಲಾಗದು. ಅದು ಬರೀ ಮುನಿಸು. ಮನಸ್ಸಿಗೆ ಹಿತವಾದ ಅಂಕಿಯೊಂದು ಎದುರಾದಾಗ, ಇದು ಯಾರ ಜೇಬಿನಿಂದ, ಯಾರ ಕಾಲಿನಿಂದ, ಯಾರ ಬೆಳಗಿನಿಂದ ಬಂತು ಎಂದು ಕೇಳುವುದಿದೆಯಲ್ಲ, ಆ ಅನುಮಾನವನ್ನು ನಾನು ಇನ್ನೂ ಕಲಿತಿರಲಿಲ್ಲ.

ಮುಂದಿನ ಭಾನುವಾರ ಸಂದೇಶ ಸಹಿಗೆಂದು ಕಾಗದಗಳನ್ನು ಹಿಡಿದು ಬಂದ. ಈ ಸಲ ಪ್ರಶ್ನೆ ಕೇಳಿದವಳು ವಿಮಲಾ.

"ಒಂಬತ್ತು ವರ್ಷಕ್ಕೆ ತೀರುವ ಹಾಗೆ ಮಾಡಿದ್ರೆ, ಈ ಕಂತಿನಲ್ಲಿ ಎಂಥ ಮನೆ ಬರ್ತದೆ?"

ಅವನು ಸ್ವಲ್ಪ ಹೊತ್ತು ಲೆಕ್ಕ ಹಾಕಿ, ಮುಜುಗರದಿಂದ ತಲೆ ಕೆರೆದುಕೊಂಡ. "ಇದು ಬರುದಿಲ್ಲ ಅಕ್ಕ. ಹಳೇ ಕಟ್ಟಡದಲ್ಲಿ ಒಂದು ಬೆಡ್‌ರೂಮಿನದ್ದು ಬರ್ತದೆ. ಸ್ವಲ್ಪ ದೂರ. ಈಜುಕೊಳ ಎಲ್ಲ ಇಲ್ಲ."

"ಸಮುದ್ರ ಕಾಣ್ತದಾ?" ಎಂದು ನಾನು ಕೇಳಿದೆ, ಸೋತ ದನಿಯಲ್ಲಿ.

"ಪಾರ್ಕಿಂಗ್ ಕಾಣ್ತದೆ ಸರ್."

ನಿಧಿ ತನ್ನ ಕೋಣೆಯಿಂದಲೇ, "ಐ ವಿಲ್ ಬಿ ಇನ್ ಕಾಲೇಜ್ ಎನಿವೇ. ಹಾಲ್‌ನಲ್ಲಿ ಸೋಫಾ ಹಾಕಿ ಸಾಕು" ಎಂದು ಕೂಗಿದಳು. ತಾಯಿ-ಮಗಳು ಇದನ್ನು ಮೊದಲೇ ಮಾತಾಡಿಕೊಂಡಿದ್ದರೆಂದು ನನಗೆ ಬಲವಾದ ಗುಮಾನಿ. ಈ ವ್ಯವಹಾರದಲ್ಲಿ ಸಂದೇಶನ ಕಮಿಷನ್ನು ಅರ್ಧಕ್ಕರ್ಧ ಇಳಿದಿರಬೇಕು. ಆದರೂ ಅವನು ಆ ಸಂಜೆ ಇನ್ನೊಂದು ಲೋಟ ಕಾಫಿ ಕೇಳಿ ಕುಡಿದು, ಹೋಗುವಾಗ ವಿಮಲಾಳಿಗೆ, "ಒಳ್ಳೆದಾಯ್ತು ಅಕ್ಕ" ಎಂದ. ಯಾಕೆ ಹಾಗೆಂದನೋ ನನಗೆ ಇವತ್ತಿಗೂ ತಿಳಿದಿಲ್ಲ. ಈ ಒಂದು ವಿಷಯದಲ್ಲಿ ಅವನನ್ನು ನಂಬಲು ತೀರ್ಮಾನಿಸಿದ್ದೇನೆ.

ಆ ಹಳೆಯ ಕಟ್ಟಡದ ಫ್ಲ್ಯಾಟು ಈಗ ನಮ್ಮದು. ಮುಂದಿನ ತಿಂಗಳು ಅಲ್ಲಿಗೆ ಹೋಗುತ್ತೇವೆ. ಬೀಗದ ಕೈ ಬಂದಿದೆ, ಬಣ್ಣ ಬಳಿಸುತ್ತಿದ್ದೇವೆ. ಕಂತು ಹಗುರವೇನಲ್ಲ. ಈ ವರ್ಷ ಊರಿಗೆ ಹೋಗುವುದನ್ನು ಬಿಟ್ಟಿದ್ದೇವೆ, ಕಾರು ಬದಲಿಸುವ ಯೋಚನೆಯನ್ನು ಮಡಚಿಟ್ಟಿದ್ದೇವೆ. ಬಡ್ಡಿ ಏರಿದರೆ ಏನು ಮಾಡಬೇಕು, ನನ್ನ ಕೆಲಸಕ್ಕೆ ಸಂಚಕಾರ ಬಂದರೆ ವೀಸಾ ಏನಾಗುತ್ತದೆ ಎಂಬ ಭಯಗಳು ಬೆಳಗಿನ ಕಾಫಿಯ ಜತೆಗೇ ಬಂದು ಕೂರುತ್ತವೆ. ಅವುಗಳನ್ನು ಬೀಳ್ಕೊಡುವ ಉಪಾಯ ನನ್ನಲ್ಲಿಲ್ಲ, ನಿಮ್ಮಲ್ಲಿದ್ದರೆ ತಿಳಿಸಿ.

ಹೊಸದೊಂದು ಅನುಮಾನವೂ ಸೇರಿಕೊಂಡಿದೆ. ಕೆಲವು ವಾರಗಳಿಂದ ಭಾನುವಾರ ಬೆಳಿಗ್ಗೆ ವಿಮಲಾ, "ಸ್ವಲ್ಪ ಹೊರಗೆ ಹೋಗಿ ಬರ್ತೇನೆ" ಎಂದು ಒಂದು ಚೀಲ ಹಿಡಿದು ಹೊರಡುತ್ತಾಳೆ. ಎಲ್ಲಿಗೆಂದು ಹೇಳುವುದಿಲ್ಲ. ಬಿಸಿಲೇರುವ ಮುನ್ನ ತಲೆಗೂದಲು ಒದ್ದೆ ಮಾಡಿಕೊಂಡು, ಕಣ್ಣು ಕೆಂಪಗೆ ಮಾಡಿಕೊಂಡು ಬರುತ್ತಾಳೆ. ಮಧ್ಯಾಹ್ನ ಎರಡು ಸಲ ಅನ್ನ ಬಡಿಸಿಕೊಳ್ಳುತ್ತಾಳೆ. ಕಡಲ ತೀರದ ಊರಿನಲ್ಲಿ ಬೆಳೆದರೂ ಮೊಣಕಾಲಿನಿಂದಾಚೆ ನೀರಿಗೆ ಇಳಿದವಳಲ್ಲ.

ಕಳೆದ ಭಾನುವಾರ ಅವಳು ಬಂದು ಸ್ನಾನ ಮುಗಿಸಿದ ಮೇಲೆ ನಾನು ಬಚ್ಚಲಿಗೆ ಹೋದೆ. ನೆಲದ ಮೇಲೆ, ಜಾಲರಿಯ ಸುತ್ತ, ನಯವಾದ ಬಿಳಿ ಮರಳು. ಪುರಾವೆ ಸ್ಪಷ್ಟವಾಗಿತ್ತು, ಒಂದೇ ಒಂದು ಪ್ರಶ್ನೆ ಕೇಳಿದ್ದರೆ ಎಲ್ಲ ಬಯಲಾಗುತ್ತಿತ್ತು. ನಾನು ಬಕೆಟ್ಟಿನಲ್ಲಿ ನೀರು ಹಿಡಿದು, ಮರಳು ಕಾಣದಂತೆ ತೊಳೆದು, ಹೊರಗೆ ಬಂದು ಪೇಪರು ಓದುತ್ತ ಕುಳಿತೆ.