ಅರ್ಜಿಯಲ್ಲಿ ಇಬ್ಬರ ಹೆಸರು

ಹಲಸಂಗಿಯ ಭಾಗ್ಯಜ್ಯೋತಿ ಮೂವತ್ತು ವರ್ಷ ವಿಜಯಪುರದಲ್ಲಿ ಕೌಟುಂಬಿಕ ಕಾನೂನು ಕಲಿಸಿದವರು. ಗಂಡ ಇನ್ನೊಬ್ಬಳನ್ನು ತಂದಾಗ ಮೊದಲ ಹೆಂಡತಿಗಾಗುವ ಅನ್ಯಾಯದ ಬಗ್ಗೆ ಅವರು ಬರೆದ ಪುಸ್ತಕವನ್ನು ವಕೀಲರು ಈಗಲೂ ತೆಗೆದು ನೋಡುತ್ತಾರೆ. ನಿವೃತ್ತರಾದ ಮೇಲೆ ಸಿಂದಗಿಯ ಮನೆಯಲ್ಲೇ ಹೆಂಗಸರಿಗೆ ಅರ್ಜಿ ಬರೆದುಕೊಡತೊಡಗಿದರು.

ಒಂದು ಮಧ್ಯಾಹ್ನ ದೇವರ ಹಿಪ್ಪರಗಿಯಿಂದ ಚನ್ನವ್ವ ಮತ್ತು ನೀಲಗಂಗವ್ವ ಬಂದರು. ಇಬ್ಬರೂ ಒಬ್ಬನೇ ಗಂಡನ ಹೆಂಡಂದಿರು, ಚನ್ನವ್ವ ಮೊದಲನೆಯವಳು; ಇಬ್ಬರೂ ಅವನ ಕೈಯಲ್ಲಿ ಹೊಡೆತ ತಿಂದವರು.

"ಅವನ್ನ ಮನಿಯಿಂದ ಹೊರಗ ಹಾಕಸ್ರಿ," ಎಂದಳು ಚನ್ನವ್ವ. "ನಾವಿಬ್ರೂ ಕೂಡೇ ಇರ್ತೇವಿ."

ಭಾಗ್ಯಜ್ಯೋತಿ ಪೆನ್ನು ಕೆಳಗಿಟ್ಟರು. "ಕಾಯ್ದೆ ಪ್ರಕಾರ ಹೆಂಡ್ತಿ ನೀ ಒಬ್ಬಾಕಿನೇ. ಈಕಿ ಬಂದದ್ದಕ್ಕ ನಿನಗ ಅನ್ಯಾಯ ಆಗೇತಿ."

ನೀಲಗಂಗವ್ವ ತಲೆ ತಗ್ಗಿಸಿದಳು.

"ಆಗಿತ್ರಿ. ನಾಕು ವರ್ಷ ಈಕಿ ಕೂಡ ಮಾತಾಡಿಲ್ಲ," ಎಂದಳು ಚನ್ನವ್ವ. "ಆಮ್ಯಾಲ ನಾ ಟೈಫಾಯ್ಡ್ ಬಂದು ಮಲಗಿದಾಗ ನನ್ನ ತಲಿ ಹಿಕ್ಕಿದಾಕಿ ಈಕಿನೇ. ಅರ್ಜಿಯೊಳಗ ಈಕಿ ಹೆಸರು ಬಿಟ್ಟು ಬರದ್ರ ನಾ ಹೆಬ್ಬಟ್ಟು ಒತ್ತಂಗಿಲ್ರಿ."

ಇಷ್ಟು ವರ್ಷ ತಾನು ಯಾರನ್ನು ಯಾರಿಂದ ಕಾಪಾಡಲು ಬರೆದೆ ಎಂಬುದೇ ಭಾಗ್ಯಜ್ಯೋತಿಗೆ ತಿಳಿಯದಾಯಿತು. ಅರ್ಜಿಯಲ್ಲಿ ಇಬ್ಬರ ಹೆಸರೂ ಬರೆದರು; ಆದರೆ ಇವರಿಬ್ಬರ ಸಂಬಂಧಕ್ಕೆ ಏನೆಂದು ಬರೆಯುವುದು? ಸವತಿ ಎಂದು ಬರೆದು ಹೊಡೆದುಹಾಕಿದರು. ಅಕ್ಕತಂಗಿ ಎಂದರೆ ಸುಳ್ಳು. ಕೊನೆಗೆ "ಒಂದೇ ಮನೆಯಲ್ಲಿ ವಾಸಿಸುವವರು" ಎಂದು ಬರೆದರು.

ಎರಡು ತಿಂಗಳಲ್ಲಿ ಗಂಡ ಆ ಮನೆಗೆ ಕಾಲಿಡಬಾರದೆಂದು ಕೋರ್ಟಿನ ಆದೇಶ ಬಂತು. ಇಬ್ಬರೂ ಒಂದೇ ಬಸ್ಸಿಗೆ ಬಂದು ಸೀತಾಫಲ ಕೊಟ್ಟು ಹೋದರು.

ಪುಸ್ತಕದ ಹೊಸ ಮುದ್ರಣಕ್ಕಾಗಿ ಭಾಗ್ಯಜ್ಯೋತಿ ಎರಡನೆಯ ಮದುವೆಯ ಅಧ್ಯಾಯ ತೆರೆದು ಕೂತರು. ಬರೆದದ್ದರಲ್ಲಿ ಸುಳ್ಳೇನೂ ಇರಲಿಲ್ಲ. ಆದರೆ ನೀಲಗಂಗವ್ವನನ್ನು ಎಲ್ಲಿ ಸೇರಿಸಬೇಕೋ ಹೊಳೆಯಲಿಲ್ಲ. ಪ್ರಕಾಶಕರಿಗೆ ಫೋನ್ ಮಾಡಿ ಇನ್ನಷ್ಟು ದಿನ ಕೇಳಿದರು.