ನಾನು ಬರೆಯದ ಎರಡನೆಯ ದಿನ

ಎರಡನೆಯ ದಿನದ ವರದಿಯನ್ನು ನಾನು ಬರೆಯಲೇ ಇಲ್ಲ. ಪತ್ರಿಕೆಯಲ್ಲಿ ಜಾಗವಿರಲಿಲ್ಲ ಎಂದು ಹೇಳಿದ್ದು ಸುಳ್ಳು. ಕಳಿಸಿದ್ದರೆ ಖಂಡಿತ ಹಾಕುತ್ತಿದ್ದರು — ಬೇಡವೆಂದು ತೀರ್ಮಾನಿಸಿದವನು ನಾನೊಬ್ಬನೇ.

ಎರಡನೆಯ ಮಹಾಯುದ್ಧದ ವರ್ಷಗಳು. ಕೊಪ್ಪದಿಂದ ಒಂದು ದಿನಪತ್ರಿಕೆಗೆ ನಾನು ಸುದ್ದಿ ಕಳಿಸುತ್ತಿದ್ದೆ. ಆ ಸಲ ತೆರಿಗೆಯ ಮೇಲ್ಮನವಿ ಕೇಳುವ ನ್ಯಾಯಾಧೀಶರು ನಮ್ಮಲ್ಲಿ ಮೊಕ್ಕಾಂ ಮಾಡಿದರು. ಬಂದವರು ಅಡ್ಡಗದ್ದೆಯ ಸುಬ್ರಾಯರು. ಶೃಂಗೇರಿಯ ಶಾಲೆಯಲ್ಲಿ ನನ್ನ ಪಕ್ಕದಲ್ಲಿ ಕೂತು ಓದಿದವರು. ಕಂದಾಯ ಕಚೇರಿಯಲ್ಲಿ ಗುಮಾಸ್ತರಾಗಿ ಸೇರಿ, ಕೆಲಸದ ಜೊತೆಗೇ ಕಾನೂನು ಓದಿ, ಒಂದೊಂದೇ ಮೆಟ್ಟಿಲು ಹತ್ತಿದವರು. ನಮ್ಮ ಕಡೆಯಿಂದ ಆ ಕುರ್ಚಿಯಲ್ಲಿ ಕೂತವರು ಅವರಿಗಿಂತ ಮೊದಲು ಯಾರೂ ಇರಲಿಲ್ಲ. ಮೊಕ್ಕಾಮಿಗೆ ಅಕ್ಕಿ ಬೇಳೆ ತಾವೇ ತರುತ್ತಿದ್ದರು. ಕಕ್ಷಿದಾರರ ಮನೆಯ ಮಜ್ಜಿಗೆಯನ್ನೂ ಮುಟ್ಟುತ್ತಿರಲಿಲ್ಲ. ಕಕ್ಷಿದಾರ ಬೇಡವೆಂದರೆ ಮಾತ್ರ ಬಾಗಿಲು ಮುಚ್ಚಿಸುತ್ತಿದ್ದರು, ಇಲ್ಲವಾದರೆ ಯಾರು ಬೇಕಾದರೂ ಬಂದು ಕೂರಬಹುದು. ಆ ಬೆಳಿಗ್ಗೆ ಹಿಂದಿನ ಬೆಂಚಿನಲ್ಲಿ ಕೂತು ನಾನು ಎಷ್ಟು ಹೆಮ್ಮೆಪಟ್ಟೆನೆಂದರೆ — ಆ ಹೆಮ್ಮೆಯಿಂದಲೇ ಎಲ್ಲ ಕೆಟ್ಟಿತು.

ಮೊದಲ ದಿನ ನರಸಿಂಹರಾಜಪುರದ ಜವಳಿ ವ್ಯಾಪಾರಿ ಮಲ್ಲಪ್ಪನವರ ಮನವಿ ಬಂತು. ತಾನೂ ತಮ್ಮನೂ ಪಾಲಾಗಿದ್ದೇವೆ, ತೆರಿಗೆಯನ್ನು ಬೇರೆ ಬೇರೆಯಾಗಿ ಹಾಕಬೇಕು ಎಂಬುದು ಅವರ ವಾದ.

"ಊಟ ಎಲ್ಲಿ?" ಎಂದು ಸುಬ್ರಾಯರು ಕೇಳಿದರು.

"ಇಬ್ಬರದೂ ಅವ್ವನ ಹತ್ರವೇ, ಸ್ವಾಮಿ. ಒಲೆ ಒಂದೇ."

"ಒಂದೇ ಒಲೆಯಲ್ಲಿ ಉಂಡು ಪಾಲಾಗಿದ್ದೇವೆ ಅಂತೀರಿ. ಸುಳ್ಳು ಹೇಳಿದರೂ ನಂಬುವ ಹಾಗೆ ಹೇಳಬೇಕು, ಮಲ್ಲಪ್ಪನವರೇ."

ಕೂತವರೆಲ್ಲ ನಕ್ಕರು. ನಾನೂ ನಕ್ಕೆ. ಆ ಮಾತನ್ನು ಹಾಗೆಯೇ ಬರೆದು, 'ತೆರಿಗೆ ತಪ್ಪಿಸಲು ಸುಳ್ಳು ಪಾಲು' ಎಂದು ಶೀರ್ಷಿಕೆ ಕೊಟ್ಟು, ಪೆಟ್ರೋಲಿಲ್ಲದೆ ಇದ್ದಿಲಿನಲ್ಲಿ ಓಡುತ್ತಿದ್ದ ಸಂಜೆಯ ಬಸ್ಸಿನಲ್ಲಿ ಕಳಿಸಿದೆ.

ತೀರ್ಪು ಮರುದಿನಕ್ಕಿತ್ತು. ಮಲ್ಲಪ್ಪನವರು ಮನೆಗೆ ಹೋಗಿ ನಡೆದದ್ದನ್ನು ಹೇಳಿದ್ದರಿಂದ ಅವರ ತಾಯಿ ಗೌರಮ್ಮ ತಾವೇ ಹೊರಟು ಬಂದಿದ್ದರು.

"ಪಾಲು ಮಾಡಿಸಿದವಳು ನಾನು. ಅಂಗಡಿ ಬೇರೆ, ಗದ್ದೆ ಬೇರೆ. ಒಲೆ ಮಾತ್ರ ಒಂದೇ ಇಡಿಸಿದೆ. ಎರಡು ಮಾಡಿದ್ರೆ ನಾನು ಒಬ್ಬ ಸೊಸೆ ಕೈಲಿ ಉಂಡ್ರೆ ಇನ್ನೊಬ್ಬಳು ಮಾತು ಬಿಡ್ತಾಳೆ. ಈ ಕಷ್ಟ ನಿಮಗೆಂತ ಗೊತ್ತು, ಮಾರಾಯ್ರೇ?"

ಯಾರೋ ನಗಲು ಹೊರಟರು. ಸುಬ್ರಾಯರು ನಗಲಿಲ್ಲ. ಪಾಲುಪತ್ರ ಅವರ ಮೇಜಿನ ಮೇಲೆಯೇ ಇತ್ತು — ಹಿಂದಿನ ದಿನವೂ ಇತ್ತು. ಈಗ ಕೊನೆಯ ಸಾಲಿನವರೆಗೆ ಓದಿದರು. ಆಮೇಲೆ ಕುರ್ಚಿಯಿಂದ ಎದ್ದು ನಿಂತರು.

"ಪಾಲಾದ ಅಣ್ಣತಮ್ಮಂದಿರು ಒಟ್ಟಿಗೆ ಉಣ್ಣಬಾರದು ಅಂತ ಕಾನೂನಿನಲ್ಲಿಲ್ಲ. ನಿನ್ನೆ ನಾನು ಪೂರ್ತಿ ಓದದೆ ಮಾತಾಡಿದೆ. ಮಲ್ಲಪ್ಪನವರೇ, ನೀವು ಸುಳ್ಳು ಹೇಳಿಲ್ಲ. ತಪ್ಪು ನನ್ನದು."

ಮನವಿಯನ್ನು ಒಪ್ಪಿ ತೀರ್ಪು ಕೊಟ್ಟರು.

ನನ್ನ ಕೈಯಲ್ಲಿ ಪೆನ್ಸಿಲ್ ಇತ್ತು, ಬರೆದುಕೊಳ್ಳಲಿಲ್ಲ. ನಮ್ಮೂರಿನ ನ್ಯಾಯಾಧೀಶರು ತುಂಬಿದ ಕೋರ್ಟಿನಲ್ಲಿ ತಪ್ಪೊಪ್ಪಿಕೊಂಡರು ಎಂದು ಅಚ್ಚಾದರೆ, ಅದು ಬೆಂಗಳೂರಿನಲ್ಲಿ ಮೇಲಿನವರ ಕಣ್ಣಿಗೆ ಬಿದ್ದರೆ... ಅವರ ಹೆಸರನ್ನು ಕಾಯುತ್ತಿದ್ದೇನೆ ಅಂದುಕೊಂಡೆ. ಕಾಯಬೇಕೆಂದು ಅವರು ಕೇಳಿರಲಿಲ್ಲ.

ಮೊದಲ ದಿನದ ವರದಿ ಪ್ರಕಟವಾಯಿತು. ಮಲ್ಲಪ್ಪನವರು ಪತ್ರಿಕೆ ಹಿಡಿದು ನನ್ನ ಮನೆಗೆ ಬಂದರು.

"ಬೈದದ್ದು ಬಂದಿದೆ. ತಪ್ಪು ನನ್ನದು ಅಂದದ್ದು ಎಲ್ಲಿ, ಮಾರಾಯ್ರೇ?"

"ಕಾಗದದ ಅಭಾವ. ಜಾಗ ಇರಲಿಲ್ಲ."

ಅವರು ನಂಬಿದರು. ಯುದ್ಧಕಾಲದಲ್ಲಿ ಅದು ನಂಬುವ ಹಾಗಿನ ಸುಳ್ಳು.

ಊರು ನನ್ನ ವರದಿಯನ್ನು ನಂಬಿತು. ಬಟ್ಟೆ ಕೊಳ್ಳಲು ಬಂದವರು, "ಗಜ ಆದ್ರೂ ಸರಿ ಇದ್ಯಾ, ಇದೂ ನಿಮ್ಮ ಪಾಲಿನ ಹಾಗೇನಾ?" ಎಂದು ಚುಚ್ಚುತ್ತಿದ್ದರು. ಕೆಲವು ತಿಂಗಳ ನಂತರ ನರಸಿಂಹರಾಜಪುರದಲ್ಲಿ ಅವರ ಬೀದಿಯಲ್ಲಿ ಹೋಗುತ್ತಿದ್ದ ನನ್ನನ್ನು ಗೌರಮ್ಮ ಒಳಗೆ ಕರೆದರು. ಹಿಂದಿನ ಕೋಣೆಯಲ್ಲಿ ಹೊಸದಾಗಿ ಒಲೆ ಹಾಕಿಸಿದ್ದರು. ಮಣ್ಣು ಇನ್ನೂ ಪೂರ್ತಿ ಒಣಗಿರಲಿಲ್ಲ.

"ಎರಡಾಯ್ತು. ಇನ್ನಾದ್ರೂ ಜನ ನನ್ನ ಮಕ್ಕಳನ್ನ ನಂಬ್ತಾರೆ. ಇದನ್ನು ಬರೀರಿ, ಜಾಗ ಇದ್ರೆ."

ಅದನ್ನೂ ಬರೆಯಲಿಲ್ಲ. ಆ ಹೊತ್ತಿನಲ್ಲಾದರೂ ಬರೆದಿದ್ದರೆ —

ಸುಬ್ರಾಯರ ಬಡ್ತಿ, ವರ್ಗ, ನಿವೃತ್ತಿ, ಎಲ್ಲವನ್ನೂ ಬರೆದೆ. ಅವರ ತೀರ್ಪುಗಳನ್ನು ಹೊಗಳಿದೆ. ಅವರು ತೀರಿಕೊಂಡಾಗಲೂ ಬರೆದೆ. ಆ ಎರಡನೆಯ ದಿನವೊಂದನ್ನು ಬಿಟ್ಟು. ಅವರ ಬಗ್ಗೆ ನನಗಿರುವ ಹೆಮ್ಮೆ ಇಂದಿಗೂ ಒಂದಿಷ್ಟೂ ಕಡಿಮೆಯಾಗಿಲ್ಲ. ಆದರೆ ಅದಕ್ಕೆ ನಿಜವಾದ ಕಾರಣವನ್ನು ಓದುಗರಿಂದ ಮುಚ್ಚಿಟ್ಟವನು ನಾನು. ಗೌರಮ್ಮ ಕೊನೆಯವರೆಗೂ ಒಂದು ತಿಂಗಳು ಒಬ್ಬ ಸೊಸೆಯ ಬಳಿ, ಇನ್ನೊಂದು ತಿಂಗಳು ಇನ್ನೊಬ್ಬಳ ಬಳಿ ಉಂಡರು.

ಮಲ್ಲಪ್ಪನವರು ಈಗಲೂ ಅಂಗಡಿಯಲ್ಲಿ ಕೂರುತ್ತಾರೆ. ಇದು ಅಚ್ಚಾಗುವುದಕ್ಕೆ ಮೊದಲು ಅಲ್ಲಿಗೆ ಹೋಗುತ್ತೇನೆ, ಗಿರಾಕಿಗಳು ಇರುವ ಹೊತ್ತು ನೋಡಿಕೊಂಡು. ಹೇಳಬೇಕಾದದ್ದು ಸ್ವಲ್ಪವೇ. ಮಲ್ಲಪ್ಪನವರು ಸುಳ್ಳು ಹೇಳಿರಲಿಲ್ಲ. ಹೇಳಿದವನು ನಾನು.